ಪಂಢರಿಬಾಯಿ: ಮೊದಲು ನಾಯಕಿ, ಆಮೇಲೆ ಎಲ್ಲರ ಅಮ್ಮ

ಎಣ್ಣೂರಿನ ನಮ್ಮ ಬೀದಿಗಳಲ್ಲಿ ಐವತ್ತು ದಾಟಿದ ಯಾವ ತಮಿಳು ಗೃಹಿಣಿಯನ್ನಾದರೂ ಕೇಳಿ ನೋಡಿ. ಪಂಢರಿಬಾಯಿ ಎಂದ ಕೂಡಲೇ ಅವರ ಮುಖ ಅರಳುತ್ತದೆ. ಎಂ.ಜಿ.ಆರ್. ಅವರ ಅಮ್ಮ, ಶಿವಾಜಿಯವರ ಅಮ್ಮ, ರಜನಿಯವರ ಅಮ್ಮ ಎಂದು ಒಂದೊಂದೇ ಚಿತ್ರದ ಹೆಸರು ಹೇಳತೊಡಗುತ್ತಾರೆ. ಆಕೆ ಕನ್ನಡದವರು, ಭಟ್ಕಳದವರು ಎಂದು ನಾವು ಹೇಳಿದರೆ ಅರ್ಧ ಜನ ನಂಬುವುದಿಲ್ಲ. ನಮ್ಮ ಕನ್ನಡದ ಮನೆಗಳಲ್ಲೂ ಕಥೆ ಬೇರೆಯೇನಲ್ಲ. ಹಿರಿಯರಿಗೆ ಅವರು 'ಬೇಡರ ಕಣ್ಣಪ್ಪ'ನ ನೀಲಾ, ನಂತರದವರಿಗೆ ರಾಜಕುಮಾರ್ ಅವರ ತಾಯಿ. ಅದೇ ಕಾಲದಲ್ಲಿ ತಮಿಳರ ಮನೆಮನೆಯಲ್ಲೂ ಅವರು ಇದ್ದರೆಂಬುದು ನಮ್ಮಲ್ಲಿ ಅನೇಕರಿಗೆ ಗೊತ್ತಿಲ್ಲ. ಮದರಾಸಿನಲ್ಲಿ ಬಾಳಿ, ಇಲ್ಲೇ ಕಣ್ಣು ಮುಚ್ಚಿದ ಈ ಕಲಾವಿದೆಯ ಬಗ್ಗೆ ನಮ್ಮ ಮಹಿಳಾ ವೇದಿಕೆಯ ಸಂಚಿಕೆಯಲ್ಲಿ ನಾಲ್ಕು ಪುಟ ಬರೆಯಬೇಕೆಂಬ ಆಸೆ ನನಗೆ ಬಹಳ ದಿನಗಳಿಂದ ಇತ್ತು.

ಭಟ್ಕಳ ಆಗ ಮುಂಬಯಿ ಪ್ರಾಂತ್ಯಕ್ಕೆ ಸೇರಿದ್ದ ಉತ್ತರ ಕನ್ನಡ ಜಿಲ್ಲೆಯ ಊರು. ಒಂದು ಕಡೆ ಕಡಲು, ಇನ್ನೊಂದು ಕಡೆ ಘಟ್ಟ. ತಂದೆ ರಂಗರಾಯರು ಹರಿಕಥೆಯ ಪರಂಪರೆಯವರು. ಪಂಢರಾಪುರದ ವಿಠ್ಠಲನ ಹೆಸರು ಆ ಮನೆಯಲ್ಲಿ ದಿನವೂ ಕೇಳುತ್ತಿದ್ದ ಹೆಸರು. ಮಗಳಿಗೂ ಅದೇ ಹೆಸರು ನಿಂತಿತು. ಹರಿಕಥೆ ಕೇಳಿ ಬೆಳೆದ ಮಕ್ಕಳಿಗೆ ಒಂದು ವಿದ್ಯೆ ತಾನಾಗಿಯೇ ಬರುತ್ತದೆ. ಒಂದೇ ಉಸಿರಿನಲ್ಲಿ ರಾಜನಾಗಿ ಮಾತಾಡಿ, ಮರುಕ್ಷಣವೇ ರಾಣಿಯಾಗಿ ಅತ್ತು, ಅದರ ಹಿಂದೆಯೇ ಕಥೆ ಹೇಳುವ ದಾಸರಾಗಿ ತಾಳ ಹಾಕುವುದು. ಮೈಕ್ ಇಲ್ಲದೆ ದೇವಸ್ಥಾನದ ಅಂಗಳದ ಕೊನೆಯ ಸಾಲಿಗೂ ಮಾತು ಮುಟ್ಟಬೇಕು, ಆದರೆ ಕಿರುಚಬಾರದು. ಪಂಢರಿಬಾಯಿಯವರ ತಗ್ಗಿದ, ಸ್ಪಷ್ಟವಾದ, ಒಂದಕ್ಷರವೂ ನುಂಗದ ಮಾತನ್ನು ಕೇಳಿದಾಗಲೆಲ್ಲ ನನಗೆ ಆ ಅಂಗಳ ನೆನಪಾಗುತ್ತದೆ.

ಸಿನಿಮಾಕ್ಕೆ ಬಂದಾಗ ಇನ್ನೂ ಹದಿಹರೆಯ. 1943ರ 'ವಾಣಿ' ಮೊದಲ ಚಿತ್ರ. ಪಿಟೀಲು ಚೌಡಯ್ಯನವರು ಕೈ ಹಾಕಿದ್ದ ಚಿತ್ರ ಅದು, ನಿರ್ದೇಶನ ಕೆ. ಹಿರಣ್ಣಯ್ಯನವರದು. ಮುಂದಿನ ವರ್ಷ ತ್ಯಾಗರಾಜ ಭಾಗವತರ್ ಅವರ ತಮಿಳು 'ಹರಿದಾಸ್'ನಲ್ಲಿ ಒಂದು ಸಣ್ಣ ಪಾತ್ರ. ಬ್ರಾಡ್‌ವೇ ಚಿತ್ರಮಂದಿರದಲ್ಲಿ ಮೂರು ದೀಪಾವಳಿಗಳನ್ನು ಕಂಡ ಚಿತ್ರ ಅದು. ಕನ್ನಡದ ಹುಡುಗಿ ಮದರಾಸಿಗೆ ಬಂದದ್ದೇಕೆ ಎಂದು ಈಗಿನ ಮಕ್ಕಳು ಕೇಳಬಹುದು. ಆಗ ಕನ್ನಡ ಚಿತ್ರಕ್ಕೂ ಮದರಾಸೇ ಮನೆ. ಸ್ಟುಡಿಯೋ, ಲ್ಯಾಬ್, ಧ್ವನಿಮುದ್ರಣ, ಪ್ರಸಾಧನದವರು, ಜೂನಿಯರ್ ಕಲಾವಿದರು ಎಲ್ಲವೂ ಇಲ್ಲಿ, ಕೋಡಂಬಾಕ್ಕಂ ಮತ್ತು ವಡಪಳನಿಯ ಸುತ್ತಮುತ್ತ. ನಟನಟಿಯರೂ ಇಲ್ಲೇ ಮನೆ ಮಾಡಿದರು. ರಾಜಕುಮಾರ್ ಅವರ ಕಿರಿಯ ಮಗ ಪುನೀತ್ 1975ರಲ್ಲಿ ಹುಟ್ಟಿದ್ದೂ ಇದೇ ಊರಿನಲ್ಲಿ.

ಮೆಯ್ಯಪ್ಪ ಚೆಟ್ಟಿಯಾರರ ಎ.ವಿ.ಎಂ. ಸಂಸ್ಥೆ ಕಾರೈಕುಡಿಯಿಂದ ಕೋಡಂಬಾಕ್ಕಂಗೆ ಬಂದ ಕೆಲವೇ ವರ್ಷಗಳಲ್ಲಿ ಪಂಢರಿಬಾಯಿ ಅಲ್ಲಿಯ ಚಿತ್ರಗಳಲ್ಲಿ ಕಾಣಿಸಿಕೊಂಡರು. ವೈಜಯಂತಿಮಾಲಾ ನಾಯಕಿಯಾಗಿದ್ದ ಹಿಂದಿಯ 'ಬಹಾರ್' (1951) ಚಿತ್ರದಲ್ಲೂ ಅವರಿಗೆ ಮುಖ್ಯ ಪಾತ್ರವಿತ್ತು. ಮರುವರ್ಷ, 1952ರ ದೀಪಾವಳಿಗೆ, 'ಪರಾಶಕ್ತಿ' ಬಂತು.

'ಪರಾಶಕ್ತಿ'ಯ ಬಗ್ಗೆ ತಮಿಳುನಾಡಿನಲ್ಲಿ ಇದ್ದುಕೊಂಡು ಹೆಚ್ಚು ಹೇಳಬೇಕಾಗಿಲ್ಲ. ಕೃಷ್ಣನ್–ಪಂಜು ನಿರ್ದೇಶನ, ಕರುಣಾನಿಧಿಯವರ ಸಂಭಾಷಣೆ, ಶಿವಾಜಿ ಗಣೇಶನ್ ಅವರ ಮೊದಲ ಚಿತ್ರ. ಎಲ್ಲರಿಗೂ ನೆನಪಿರುವುದು ಶಿವಾಜಿಯವರ ಕೋರ್ಟಿನ ಮಾತು. ಆದರೆ ಸೋತು, ಹುಚ್ಚನಂತೆ ಅಲೆಯುವ ಆ ಗುಣಶೇಖರನಿಗೆ ಅವನ ಕಷ್ಟ ಅವನೊಬ್ಬನದೇ ಅಲ್ಲ ಎಂದು ತಿಳಿಸಿಕೊಡುವವಳು ವಿಮಲಾ. ಆ ವಿಮಲಾ ನಮ್ಮ ಪಂಢರಿಬಾಯಿ. ಆ ಕಾಲದ ತಮಿಳು ಸಂಭಾಷಣೆ ಎಂದರೆ ನಾಲಿಗೆಗೆ ಕಸರತ್ತು, ಒಂದೊಂದು ವಾಕ್ಯವೂ ಒಂದು ಗಜ ಉದ್ದ. ಕನ್ನಡ ಕರಾವಳಿಯಿಂದ ಬಂದ ಹುಡುಗಿ ಆ ಅಲೆಯ ನಡುವೆ ಗಾಬರಿಯಾಗದೆ ನಿಂತದ್ದೇ ದೊಡ್ಡದು. ಹೊಸ ನಾಯಕ ಗುಡುಗುವಾಗ ಎದುರಿನ ನಾಯಕಿ ಶಾಂತವಾಗಿದ್ದಳು. ಗುಡುಗು ಅಷ್ಟು ಜೋರಾಗಿ ಕೇಳಿಸಿದ್ದಕ್ಕೆ ಈ ಶಾಂತಿಯೂ ಒಂದು ಕಾರಣ ಎಂದು ನನ್ನ ಎಣಿಕೆ.

1954 ಅವರ ಪಾಲಿಗೆ ದೊಡ್ಡ ವರ್ಷ. ಏಪ್ರಿಲ್‌ನಲ್ಲಿ 'ಅಂದ ನಾಳ್', ಮೇ ತಿಂಗಳಲ್ಲಿ 'ಬೇಡರ ಕಣ್ಣಪ್ಪ'. ಒಂದು ತಮಿಳು, ಒಂದು ಕನ್ನಡ. ಒಂದರಲ್ಲಿ ಕಾಲೇಜು ಓದಿದ ನಗರದ ಹೆಣ್ಣು, ಇನ್ನೊಂದರಲ್ಲಿ ಕಾಡಿನ ಬೇಡಿತಿ.

'ಅಂದ ನಾಳ್' ನೋಡದವರು ದಯವಿಟ್ಟು ಒಮ್ಮೆ ನೋಡಿ. ವೀಣೆಯ ವಿದ್ವಾಂಸರೂ ಆಗಿದ್ದ ಎಸ್. ಬಾಲಚಂದರ್ ನಿರ್ದೇಶಿಸಿದ ಈ ಚಿತ್ರದಲ್ಲಿ ಒಂದೇ ಒಂದು ಹಾಡಿಲ್ಲ, ಕುಣಿತವಿಲ್ಲ. ಹಾಡಿಲ್ಲದ ಮೊದಲ ತಮಿಳು ಚಿತ್ರವೆಂದೇ ಅದಕ್ಕೆ ಹೆಸರು. ಎರಡನೆಯ ಮಹಾಯುದ್ಧದಲ್ಲಿ ಜಪಾನಿನ ಬಾಂಬು ಬಿದ್ದ ದಿನಗಳ ಮದರಾಸು ಕಥೆಯ ಹಿನ್ನೆಲೆ. ಸಮುದ್ರದ ಅಂಚಿನಲ್ಲಿ ವಾಸಿಸುವ ನಮಗೆ ಆ ಭಯ ಹೇಗಿದ್ದಿರಬಹುದೆಂದು ಊಹಿಸುವುದು ಕಷ್ಟವಲ್ಲ. ರೇಡಿಯೋ ಎಂಜಿನಿಯರ್ ರಾಜನ್ ಕೊಲೆಯಾಗಿ ಬಿದ್ದಿದ್ದಾನೆ. ಕೊಂದವರು ಯಾರು? ಪೊಲೀಸರಿಗೆ ಒಬ್ಬೊಬ್ಬರೂ ತಮಗೆ ತಿಳಿದಂತೆ ಕಥೆ ಹೇಳುತ್ತಾರೆ. ಒಂದೊಂದು ಕಥೆಯಲ್ಲೂ ಒಬ್ಬೊಬ್ಬರ ಮೇಲೆ ಅನುಮಾನ. ಕುರೊಸಾವಾ ಅವರ 'ರಾಶೋಮನ್' ಚಿತ್ರದ ದಾರಿಯಲ್ಲಿ ಹೆಣೆದ ಕಥೆ.

ರಾಜನ್ ಆಗಿ ಶಿವಾಜಿ, ಅವನ ಹೆಂಡತಿ ಉಷಾ ಆಗಿ ಪಂಢರಿಬಾಯಿ. ಈ ಚಿತ್ರಕ್ಕೆ ಎಪ್ಪತ್ತು ವರ್ಷ ದಾಟಿರುವುದರಿಂದ ಗುಟ್ಟನ್ನು ಹೇಳಿದರೆ ತಪ್ಪಿಲ್ಲ ಅಂದುಕೊಳ್ಳುತ್ತೇನೆ. ರಾಜನ್ ದೇಶದ ರಹಸ್ಯಗಳನ್ನು ಶತ್ರುಗಳಿಗೆ ಮಾರುವವನು. ಅದು ಹೆಂಡತಿಗೆ ಗೊತ್ತಾಗುತ್ತದೆ. ಕೊನೆಗೆ ಗುಂಡು ಹಾರುವುದು ಅವಳ ಕೈಯಲ್ಲಿದ್ದ ಪಿಸ್ತೂಲಿನಿಂದ. ಗಂಡನೇ ದೈವ ಎಂದು ತಮಿಳು ಕನ್ನಡ ಎರಡೂ ತೆರೆಗಳು ಬಾರಿಬಾರಿಗೆ ಹಾಡುತ್ತಿದ್ದ ಕಾಲದಲ್ಲಿ, ಗಂಡನನ್ನು ಪ್ರೀತಿಸುತ್ತಲೇ ಅವನಿಗೆ ಎದುರು ನಿಂತ ಹೆಣ್ಣು ಉಷಾ. ಆ ಪಾತ್ರದಲ್ಲಿ ಅಬ್ಬರವಿಲ್ಲ. ಪೊಲೀಸರ ಮುಂದೆ ಕುಳಿತಾಗ ಅವಳ ಮುಖದಲ್ಲಿ ಇರುವುದು ದುಃಖವೋ ಭಯವೋ ಗುಟ್ಟೋ ಎಂದು ಮೊದಲ ಸಲ ನೋಡುವವರಿಗೆ ಹೇಳಲಾಗುವುದಿಲ್ಲ. ಎರಡನೆಯ ಸಲ ನೋಡಿದಾಗ ಮೂರೂ ಇದ್ದವೆಂದು ತಿಳಿಯುತ್ತದೆ. ಚಿತ್ರ ಆಗ ಹಣ ಮಾಡಲಿಲ್ಲ, ಹಾಡಿಲ್ಲವೆಂದು ಜನ ಬೇಸರಪಟ್ಟರು. ಇಂದು ತಮಿಳಿನ ಶ್ರೇಷ್ಠ ಚಿತ್ರಗಳ ಯಾವ ಪಟ್ಟಿಯಲ್ಲೂ ಅದನ್ನು ಬಿಡುವಂತಿಲ್ಲ. ಅವರ ಇಷ್ಟು ದೀರ್ಘ ವೃತ್ತಿಯಲ್ಲಿ ನನಗೆ ಒಂದೇ ಪಾತ್ರ ಆರಿಸಲು ಹೇಳಿದರೆ ಇದನ್ನೇ ಆರಿಸುತ್ತೇನೆ, ಕನ್ನಡಿಗರು ಕೋಪಿಸಿಕೊಂಡರೂ ಸರಿ.

'ಬೇಡರ ಕಣ್ಣಪ್ಪ' ನಮಗೆಲ್ಲ ಮನೆಮಾತು. ಗುಬ್ಬಿ ಕಂಪನಿಯ ನಂಟು, ಎಚ್.ಎಲ್.ಎನ್. ಸಿಂಹರ ನಿರ್ದೇಶನ, ಮುತ್ತುರಾಜ ಎಂಬ ರಂಗನಟ ರಾಜಕುಮಾರ್ ಎಂಬ ನಾಯಕನಾದ ಚಿತ್ರ. ನರಸಿಂಹರಾಜು ಅವರೂ ಅಲ್ಲಿಂದಲೇ ಬೆಳಕಿಗೆ ಬಂದರು. ಇಷ್ಟು ಹೊಸಬರ ನಡುವೆ ಕ್ಯಾಮೆರಾದ ಪರಿಚಯ ಚೆನ್ನಾಗಿದ್ದವರಲ್ಲಿ ನಾಯಕಿ ಒಬ್ಬರು. ದಿಣ್ಣನ ಹೆಂಡತಿ ನೀಲಾ ಹಸಿವೆಯನ್ನೂ ಅವಮಾನವನ್ನೂ ಗಂಡನ ಜೊತೆ ಹಂಚಿಕೊಳ್ಳುವವಳು. ಇಬ್ಬರೂ ಒಬ್ಬರ ಮೇಲೊಬ್ಬರು ಮುನಿಸಿಕೊಂಡು ನಗುವ ದೃಶ್ಯಗಳಲ್ಲಿ ಬಡವರ ಸಂಸಾರದ ಸುಖ ಕಾಣುತ್ತದೆ. ಹೀಗೆ ಎರಡು ವರ್ಷಗಳ ಅಂತರದಲ್ಲಿ ತಮಿಳಿನ ಮಹಾನಟನಿಗೂ ಕನ್ನಡದ ಮಹಾನಟನಿಗೂ ಮೊದಲ ನಾಯಕಿಯಾದವರು ಒಬ್ಬರೇ, ಭಟ್ಕಳದ ಪಂಢರಿಬಾಯಿ.

ಮುಂದಿನ ಮೂರು ನಾಲ್ಕು ವರ್ಷ ಕನ್ನಡದಲ್ಲಿ ಅವರದೇ ಕಾಲ. 'ಸೋದರಿ', 'ಸಂತ ಸಖು', 'ಭಕ್ತ ವಿಜಯ', 'ಹರಿಭಕ್ತ'. ಸಖುವಿನ ಕಥೆ ಗೊತ್ತಲ್ಲ? ಅತ್ತೆಯ ಕಾಟದಲ್ಲಿ ಬೆಂದು ಹೋದ ಸೊಸೆಗೆ ಪಂಢರಾಪುರಕ್ಕೆ ಹೋಗುವ ಆಸೆ. ಅವಳನ್ನು ಯಾತ್ರೆಗೆ ಕಳಿಸಿ, ಅವಳ ರೂಪದಲ್ಲಿ ವಿಠ್ಠಲನೇ ಮನೆಗೆಲಸ ಮಾಡುತ್ತಾನೆ. ಪಂಢರಿಯ ಹೆಸರಿಟ್ಟುಕೊಂಡ ನಟಿಗೆ ಆ ಪಾತ್ರ ಸಿಕ್ಕಿದ್ದು ಕಾಕತಾಳೀಯವಿರಬಹುದು, ಆದರೆ ಚೆಂದದ ಕಾಕತಾಳೀಯ. ನಮ್ಮ ಅಜ್ಜಿಯಂದಿರ ತಲೆಮಾರಿನ ಹೆಂಗಸರು ಸೆರಗಿನಿಂದ ಕಣ್ಣೊರೆಸಿಕೊಂಡು ನೋಡಿದ್ದು ಇಂತಹ ಚಿತ್ರಗಳನ್ನೇ. ದೇವರ ಕಥೆಯೆಂದು ಮನೆಯವರು ಹೋಗಲು ಬಿಡುತ್ತಿದ್ದರು. ಅಲ್ಲಿ ಹೋಗಿ ನೋಡಿದ್ದು ತಮ್ಮದೇ ಅಡುಗೆಮನೆಯ ಕಥೆಯನ್ನು.

1957ರ 'ರಾಯರ ಸೊಸೆ'ಯಲ್ಲಿ ಪಂಢರಿಬಾಯಿ ನಟನೆಯ ಜೊತೆಗೆ ನಿರ್ಮಾಣಕ್ಕೂ ಕೈ ಹಾಕಿದರು. ಹೆಣ್ಣುಮಗಳೊಬ್ಬಳು ಹಣ ಹೂಡಿ ಚಿತ್ರ ತೆಗೆಯುವುದು ಅಂದು ಸಾಮಾನ್ಯ ಸಂಗತಿಯಲ್ಲ. ಅವರಿಗಿಂತ ಮೊದಲು ಎಂ.ವಿ. ರಾಜಮ್ಮ 1943ರಲ್ಲೇ 'ರಾಧಾರಮಣ' ತೆಗೆದು ಕನ್ನಡದ ಮೊದಲ ನಿರ್ಮಾಪಕಿಯಾಗಿದ್ದರು. ರಾಜಮ್ಮನವರೂ ಮದರಾಸಿನಲ್ಲೇ ನೆಲೆಸಿದವರು, ಅವರೂ ನಾಯಕಿಯಾಗಿ ಮೆರೆದು ಆಮೇಲೆ ತಾಯಿಯ ಪಾತ್ರಗಳಿಗೆ ಹೆಸರಾದವರು. 'ರಾಯರ ಸೊಸೆ'ಯಲ್ಲಿ ಪಂಢರಿಬಾಯಿಯವರ ತಂಗಿ ಮೈನಾವತಿಯವರೂ ಇದ್ದರು. ಎರಡು ವರ್ಷಗಳ ನಂತರ ಸಿಂಹರ 'ಅಬ್ಬಾ ಆ ಹುಡುಗಿ'ಯಲ್ಲಿ ಗಂಡಸರನ್ನು ಕಂಡರೆ ಸಿಡಿದು ಬೀಳುವ ಹುಡುಗಿಯಾಗಿ ಮೈನಾವತಿ ಕನ್ನಡಿಗರ ಮನ ಗೆದ್ದರು. ಅದರಲ್ಲಿ ಅಕ್ಕ ಪೋಷಕ ಪಾತ್ರದಲ್ಲಿದ್ದರು. ತಂಗಿ ಮುಂದೆ, ಅಕ್ಕ ಹಿಂದೆ.

ಆ ಚಿತ್ರ ಬಂದ 1959ರಲ್ಲಿ ಪಂಢರಿಬಾಯಿಯವರಿಗೆ ಮೂವತ್ತರ ಆಸುಪಾಸು. ಅದೇ ವರ್ಷ ಜೆಮಿನಿಯ ವಾಸನ್ ಅವರ ಹಿಂದಿ 'ಪೈಗಾಮ್'ನಲ್ಲಿ, ಮರುವರ್ಷ ಅದರ ತಮಿಳು ರೂಪ 'ಇರುಂಬುತ್ತಿರೈ'ಯಲ್ಲಿ ನಟಿಸಿದರು. ಎರಡರಲ್ಲೂ ನಾಯಕಿ ವೈಜಯಂತಿಮಾಲಾ. ಬಿ. ಸರೋಜಾದೇವಿಯವರೂ ಇದ್ದರು. ಹೊಸ ಹುಡುಗಿಯರು ಬರುತ್ತಿದ್ದರು. ಶಿವಾಜಿ, ರಾಜಕುಮಾರ್ ಇಬ್ಬರೂ ಪಂಢರಿಬಾಯಿಯವರ ಹೆಚ್ಚುಕಡಿಮೆ ಸಮವಯಸ್ಕರು. ಅವರಿಬ್ಬರ ನಾಯಕ ಪಟ್ಟ ಇನ್ನೂ ಇಪ್ಪತ್ತು ಮೂವತ್ತು ವರ್ಷ ನಡೆಯಲಿತ್ತು. ಅವರ ಜೊತೆಗೇ ಹೊರಟ ನಾಯಕಿಗೆ ಮಾತ್ರ ಕೂದಲಿಗೆ ಬಿಳಿ ಬಣ್ಣ ಹಚ್ಚುವ ಸಮಯ ಬಂದಿತ್ತು.

ವಯಸ್ಸಿನ ಲೆಕ್ಕ ಹಾಕಿದರೆ ನಗು ಬರುತ್ತದೆ, ಸ್ವಲ್ಪ ಸಿಟ್ಟೂ ಬರುತ್ತದೆ. 1965ರ 'ಎಂಗ ವೀಟ್ಟು ಪಿಳ್ಳೈ'ಯಲ್ಲಿ ಅವರು ಎಂ.ಜಿ.ಆರ್. ಅವರಿಗೆ ಅಕ್ಕ. ಮೂರೇ ವರ್ಷದಲ್ಲಿ, 'ಕುಡಿಯಿರುಂದ ಕೋಯಿಲ್'ನಲ್ಲಿ, ಅದೇ ಎಂ.ಜಿ.ಆರ್. ಅವರಿಗೆ ತಾಯಿ. ಎಂ.ಜಿ.ಆರ್. ಹುಟ್ಟಿದ್ದು 1917ರಲ್ಲಿ. ಮಗ ತಾಯಿಗಿಂತ ಹತ್ತು ವರ್ಷಕ್ಕೂ ಹೆಚ್ಚು ದೊಡ್ಡವರು! ಚಿತ್ರಮಂದಿರದಲ್ಲಿ ಯಾರೂ ನಗಲಿಲ್ಲ. ತಾಯಿ ಮಗನನ್ನು ಕಂಡು ಕರಗಿದಾಗ ಇಡೀ ಮಂದಿರ ಕರಗಿತು. ಜನರನ್ನು ಹಾಗೆ ನಂಬಿಸುವ ಭಾರವೆಲ್ಲ ಆಕೆಯ ಮೇಲೆ. ಯಾಕೆಂದರೆ ನಾಯಕ ತನ್ನನ್ನು ಚಿಕ್ಕವನೆಂದು ತಾನೇ ತೋರಿಸಿಕೊಳ್ಳಲಾರ, ಎದುರಿಗಿರುವವಳು ಅವನನ್ನು ಮಗನಂತೆ ನೋಡಬೇಕು.

ಕನ್ನಡ ಇನ್ನೂ ಅವರನ್ನು ಪೂರ್ತಿ ಅಮ್ಮನಾಗಿಸಿರಲಿಲ್ಲ. 1965ರಲ್ಲೇ ಹುಣಸೂರು ಕೃಷ್ಣಮೂರ್ತಿಯವರ 'ಸತ್ಯ ಹರಿಶ್ಚಂದ್ರ'ದಲ್ಲಿ ರಾಜಕುಮಾರ್ ಹರಿಶ್ಚಂದ್ರನಾದರೆ ಪಂಢರಿಬಾಯಿ ಚಂದ್ರಮತಿ. ಮಗ ಲೋಹಿತಾಶ್ವನ ಶವ ಹೊತ್ತು ಸ್ಮಶಾನಕ್ಕೆ ಬಂದು, ಸುಡಲು ಕಾಸಿಲ್ಲದೆ, ಕಾವಲಿಗೆ ನಿಂತ ಗಂಡನ ಎದುರೇ ಬೇಡುವ ರಾಣಿ. ಹರಿಶ್ಚಂದ್ರ ಸತ್ಯಕ್ಕಾಗಿ ತನ್ನನ್ನು ಮಾರಿಕೊಂಡನೆಂದು ನಾವೆಲ್ಲ ಹೊಗಳುತ್ತೇವೆ, ಅವನಿಗಿಂತ ಮೊದಲೇ ಹೆಂಡತಿಯನ್ನೂ ಮಗನನ್ನೂ ಮಾರಿದನೆಂಬುದು ಕಥೆಯಲ್ಲಿ ಹಿಂದೆ ಸರಿದುಬಿಡುತ್ತದೆ. ಪಂಢರಿಬಾಯಿ ಅದನ್ನು ಹಿಂದೆ ಸರಿಯಲು ಬಿಡುವುದಿಲ್ಲ. ಒಂದು ಮಾತಿನಲ್ಲೂ ಗಂಡನನ್ನು ದೂರದೆ, ಬೆಲೆ ತೆತ್ತವಳು ತಾನೇ ಎಂದು ಕಣ್ಣಿನಲ್ಲೇ ಹೇಳಿಬಿಡುತ್ತಾರೆ.

1967ರಲ್ಲಿ 'ಬೆಳ್ಳಿಮೋಡ'. ತ್ರಿವೇಣಿಯವರ ಕಾದಂಬರಿ, ಪುಟ್ಟಣ್ಣ ಕಣಗಾಲರ ನಿರ್ದೇಶನ. ಇಲ್ಲಿ ಎಲ್ಲರೂ ಕಲ್ಪನಾ ಅವರ ಇಂದಿರೆಯನ್ನು ನೆನೆಯುತ್ತಾರೆ, ನೆನೆಯಬೇಕಾದ್ದೇ. ಆದರೆ ಕಥೆ ತಿರುಗುವುದು ತಾಯಿಯ ಸುತ್ತ. ಎಸ್ಟೇಟಿನ ಒಬ್ಬಳೇ ವಾರಸುದಾರಳಾದ ಮಗಳಿಗೆ ಮದುವೆ ಗೊತ್ತಾಗಿದೆ. ಆ ಹೊತ್ತಿಗೆ ತಾಯಿ ಮತ್ತೆ ಬಸುರಿ. ಗಂಡು ಮಗು ಹುಟ್ಟಿ ತಾಯಿ ತೀರಿಕೊಳ್ಳುತ್ತಾಳೆ. ಆಸ್ತಿಯ ಆಸೆಯಲ್ಲಿದ್ದ ಅಳಿಯ ಹಿಂಜರಿಯುತ್ತಾನೆ. ಮದುವೆಗೆ ಬಂದ ಮಗಳನ್ನು ಎದುರಿಗಿಟ್ಟುಕೊಂಡು ಬಸುರಿಯಾದ ಹೆಣ್ಣಿನ ನಾಚಿಕೆ, ಅದರೊಳಗೇ ಬಚ್ಚಿಟ್ಟುಕೊಂಡ ಸಂತೋಷ, ಇವೆರಡನ್ನೂ ಪಂಢರಿಬಾಯಿ ತೋರಿಸಿದ ರೀತಿ ಹೆಂಗಸರಿಗೆ ಚೆನ್ನಾಗಿ ಅರ್ಥವಾಗುತ್ತದೆ. ಗಂಡನ ಪಾತ್ರದಲ್ಲಿ ಕೆ.ಎಸ್. ಅಶ್ವತ್ಥ್. ಆ ಇಬ್ಬರೂ ಜೊತೆಯಾಗಿ ನಿಂತರೆ ಸೆಟ್ ಹಾಕಿದ ಮನೆಯೂ ನಿಜವಾದ ಮನೆಯಾಗುತ್ತಿತ್ತು. ಆರ್. ನಾಗೇಂದ್ರರಾಯರ 'ನಮ್ಮ ಮಕ್ಕಳು' (1969) ಕೂಡ ಈ ಕಾಲದ್ದೇ.

ಅದೇ 1969ರಲ್ಲಿ ತಮಿಳಿನಲ್ಲಿ 'ದೈವಮಗನ್'. ಶಿವಾಜಿ ಮೂರು ಪಾತ್ರಗಳಲ್ಲಿ: ಮುಖದ ಮೇಲೆ ಕಲೆಯಿರುವ ತಂದೆ, ಅದೇ ಕಲೆಯೊಂದಿಗೆ ಹುಟ್ಟಿ ಅನಾಥನಂತೆ ಬೆಳೆದ ಹಿರಿಯ ಮಗ, ಮುದ್ದಿನಲ್ಲಿ ಬೆಳೆದ ಕಿರಿಯ ಮಗ. ಆಸ್ಕರ್ ಸ್ಪರ್ಧೆಗೆ ಭಾರತದಿಂದ ಹೋದ ಮೊದಲ ದಕ್ಷಿಣದ ಚಿತ್ರ ಇದು. ಮೂವರು ಶಿವಾಜಿಗಳನ್ನು ಹೊಗಳಿ ಬರೆದ ಪುಟಗಳಿಗೆ ಲೆಕ್ಕವಿಲ್ಲ. ಆ ಮೂವರ ಎದುರೂ ನಟಿಸಿದವರು ಪಂಢರಿಬಾಯಿ, ಒಬ್ಬನಿಗೆ ಹೆಂಡತಿ, ಇಬ್ಬರಿಗೆ ತಾಯಿ. 'ಪರಾಶಕ್ತಿ'ಯ ನಾಯಕನನ್ನೇ ಹದಿನೇಳು ವರ್ಷಗಳ ನಂತರ ಒಂದು ದೃಶ್ಯದಲ್ಲಿ ಗಂಡನಾಗಿ, ಇನ್ನೊಂದರಲ್ಲಿ ಮಗನಾಗಿ ನೋಡಬೇಕು. ನೋಟ ಬೇರೆ, ಮಾತಿನ ಸಲಿಗೆ ಬೇರೆ, ನಿಲ್ಲುವ ಭಂಗಿ ಬೇರೆ. 1973ರ 'ಗೌರವಂ'ನಲ್ಲೂ ಹಟಮಾರಿ ಬ್ಯಾರಿಸ್ಟರ್ ಶಿವಾಜಿಯ ಹೆಂಡತಿಯಾಗಿ ಮನೆಯೊಳಗಿನ ನೋವನ್ನೆಲ್ಲ ಅವರೇ ಹೊತ್ತರು.

ಪೋಷಕ ನಟಿಯ ಕೆಲಸ ಎಂತಹದೆಂದು ನಾವು ಹೆಚ್ಚು ಯೋಚಿಸುವುದಿಲ್ಲ. ಪೋಸ್ಟರಿನಲ್ಲಿ ಮುಖ ಸಣ್ಣದು, ಹೆಸರು ಕೆಳಗೆ. ಬೆಳಿಗ್ಗೆ ಒಂದು ಸ್ಟುಡಿಯೋದಲ್ಲಿ ಶ್ರೀಮಂತರ ಮನೆಯ ಒಡತಿ, ಮಧ್ಯಾಹ್ನ ಇನ್ನೊಂದರಲ್ಲಿ ಹರಕು ಸೀರೆಯ ವಿಧವೆ. ಒಂದು ಕಡೆ ತಮಿಳು, ಒಂದು ಕಡೆ ಕನ್ನಡ, ನಡುವೆ ತೆಲುಗು. ಅಳುವ ದೃಶ್ಯಕ್ಕೆ ಕರೆದಾಗ ಅಳಬೇಕು, ನಾಯಕ ತಡವಾಗಿ ಬಂದರೆ ಬಣ್ಣ ಹಚ್ಚಿಕೊಂಡು ಕಾಯಬೇಕು. ಒಂದೇ ಬಗೆಯ ಪಾತ್ರಗಳು ನೂರಾರು ಸಲ ಬಂದಾಗ ಬೇಜಾರಾದರೂ ನೋಡುವವರಿಗೆ ತೋರಿಸುವಂತಿಲ್ಲ. ನಿಜ ಹೇಳಬೇಕೆಂದರೆ ಅವರಿಗೆ ಸಿಕ್ಕ ತಾಯಿಯರಲ್ಲಿ ಅನೇಕರು ಬರೆದವರ ಸೋಮಾರಿತನದಿಂದ ಹುಟ್ಟಿದವರು. ದೇವರ ಪಟದ ಮುಂದೆ ಕೈಮುಗಿಯುವುದು, ಕೆಮ್ಮುವುದು, ಸಾಯುವುದು. ಅವುಗಳಲ್ಲೂ ಅವರು ಅಗ್ಗದ ಗೋಳಾಟಕ್ಕೆ ಇಳಿಯಲಿಲ್ಲ. ಆದರೂ ಉಷಾಳಂತಹ ಇನ್ನೊಂದು ಹೆಣ್ಣನ್ನು ಅವರಿಗೆ ಯಾರಾದರೂ ಬರೆದುಕೊಡಬೇಕಿತ್ತು ಎಂಬ ಕೊರಗು ನನಗೆ ಇದ್ದೇ ಇದೆ.

ಎಪ್ಪತ್ತರ ದಶಕದ ನಂತರ ಕನ್ನಡ ಚಿತ್ರರಂಗ ಮೆಲ್ಲಮೆಲ್ಲನೆ ಗಂಟುಮೂಟೆ ಕಟ್ಟಿ ಬೆಂಗಳೂರಿಗೆ ಹೊರಟಿತು. ರಾಜಕುಮಾರ್ ಅವರ ಮನೆಯೂ ಅಲ್ಲಿಗೆ ಹೋಯಿತು. ಎರಡೂ ಭಾಷೆಗಳಿಗೆ ಬೇಕಾಗಿದ್ದ ಪಂಢರಿಬಾಯಿಯವರು ಇಲ್ಲೇ ಉಳಿದರು. 1986ರಲ್ಲಿ ಎಚ್.ಜಿ. ರಾಧಾದೇವಿಯವರ ಕಾದಂಬರಿಯನ್ನು ಆಧರಿಸಿದ 'ಅನುರಾಗ ಅರಳಿತು' ಬಂತು. ಮೂವತ್ತೆರಡು ವರ್ಷಗಳ ಹಿಂದೆ ನೀಲಾ ಆಗಿ ದಿಣ್ಣನ ಕೈ ಹಿಡಿದವರು ಈಗ ಅದೇ ರಾಜಕುಮಾರ್ ಅವರ ಕಾಯಿಲೆಯ ತಾಯಿ. ಅದೇ ಕಥೆ 1992ರಲ್ಲಿ ತಮಿಳಿನಲ್ಲಿ 'ಮನ್ನನ್' ಆಯಿತು. ನಾಯಕ ರಜನಿಕಾಂತ್, ನಾಯಕಿ ವಿಜಯಶಾಂತಿ. ನಾಯಕ ಬದಲಾದ, ನಾಯಕಿ ಬದಲಾದಳು, ಭಾಷೆ ಬದಲಾಯಿತು, ತಾಯಿ ಮಾತ್ರ ಬದಲಾಗಲಿಲ್ಲ. ಇಳಯರಾಜಾ ಸಂಗೀತದಲ್ಲಿ ಯೇಸುದಾಸ್ ಹಾಡಿದ ಆ ಚಿತ್ರದ ಅಮ್ಮನ ಹಾಡನ್ನು ತಮಿಳುನಾಡಿನಲ್ಲಿ ಕೇಳದ ಕಿವಿಯಿಲ್ಲ. ಹಾಡಿನುದ್ದಕ್ಕೂ ಪಾರ್ಶ್ವವಾಯು ಬಡಿದ ತಾಯಿ ಕೈಕಾಲು ಆಡಿಸುವಂತಿಲ್ಲ, ಮಾತಾಡುವಂತಿಲ್ಲ. ಮಗ ಉಪಚಾರ ಮಾಡುತ್ತಾನೆ, ಆಕೆ ಸುಮ್ಮನೆ ನೋಡುತ್ತಾರೆ. ಅಷ್ಟು ಸಾಕಾಯಿತು.

ಎರಡು ವರ್ಷಗಳ ನಂತರ ರಸ್ತೆ ಅಪಘಾತವೊಂದರಲ್ಲಿ ಅವರು ಎಡಗೈಯನ್ನೇ ಕಳೆದುಕೊಂಡರು. ಐವತ್ತು ವರ್ಷ ಕ್ಯಾಮೆರಾದ ಮುಂದೆ ಮಕ್ಕಳಿಗೆ ಊಟ ಬಡಿಸಿದ, ತಲೆ ಸವರಿದ, ಆರತಿ ಎತ್ತಿದ ಕೈ. 2003ರ ಜನವರಿ 29ರಂದು ಚೆನ್ನೈನಲ್ಲಿ ತೀರಿಕೊಂಡರು. ತಂಗಿ ಮೈನಾವತಿ 2012ರವರೆಗೆ ಇದ್ದರು. ರಾಜಕುಮಾರ್ 2006ರ ಏಪ್ರಿಲ್‌ನಲ್ಲಿ ಹೋದರು.

2008ರ ಏಪ್ರಿಲ್‌ನಲ್ಲಿ ರಾಜಕುಮಾರ್ ಅವರ ಹುಟ್ಟುಹಬ್ಬದ ಹೊತ್ತಿಗೆ 'ಸತ್ಯ ಹರಿಶ್ಚಂದ್ರ'ಕ್ಕೆ ಕಂಪ್ಯೂಟರಿನ ನೆರವಿನಿಂದ ಬಣ್ಣ ತುಂಬಿ ಮತ್ತೆ ಬಿಡುಗಡೆ ಮಾಡಿದರು. ಕರ್ನಾಟಕದ ಚಿತ್ರಮಂದಿರಗಳ ಮುಂದೆ ಅಣ್ಣಾವ್ರ ಕಟೌಟಿಗೆ ಹಾರ ಬಿತ್ತು. ಒಳಗೆ, ಪರದೆಯ ಮೇಲೆ, ಅವರ ಪಕ್ಕದಲ್ಲಿ, ಇನ್ನೂ ಯಾರ ತಾಯಿಯ ಪಾತ್ರಕ್ಕೂ ಬಿಳಿ ಕೂದಲು ಹಚ್ಚಿಕೊಳ್ಳದ ಚಂದ್ರಮತಿ ಬಣ್ಣದ ಸೀರೆಯಲ್ಲಿ ನಿಂತಿದ್ದರು.